ಅಂಗಡಿಯ ಲೈಸೆನ್ಸಿನ ಹುಕುಮಿನ ಮೇಲೆ ತಕರಾರು ಹೂಡಲು ಅರ್ಹರು ಯಾರು?

ಬಿತ್ತನೆಯ ಬೀಜ, ರಾಸಾಯನಿಕ ಗೊಬ್ಬರ, ಕೀಟನಾಶಕ ಔಷಧಿ, ಪಡಿತರದ ಧಾನ್ಯ ಮೊದಲಾದ ಪದಾರ್ಥಗಳು ಸರ್ಕಾರದ ಅಪ್ಪಣೆಯನ್ನು ಪಡೆದ ಅಂಗಡಿಗಳ ಮೂಲಕವೇ ರೈತನ ಕೈಸೇರತಕ್ಕವುಗಳಾಗಿವೆ. ಇಂಥ ಅಂಗಡಿಗೆ ಲೈಸೆನ್ಸು ಕೊಡುವುದು, ನಿರಾಕರಿಸುವುದು, ಕೊಟ್ಟುದನ್ನು ಅಮಾನತಿನಲ್ಲಿಡುವುದು, ರದ್ದುಪಡಿಸುವುದು, ಅಂಗಡಿಯನ್ನು ಒಂದೆಡೆಯಿಂದ ಮತ್ತೊಂದೆಡೆಗೆ ಸಾಗಿಸಲು ಒಪ್ಪುವುದು, ಇವೆಲ್ಲವೂ ಅಧಿಕಾರಿಗಳ ಹುಕುಮಿನಿಂದ ನಡೆಯುವ ಕಾರ್ಯಗಳು. ಒಂದು ಹುಕುಮಿನಿಂದ ಒಬ್ಬ ವ್ಯಾಪಾರಿಯ ಜೀವನೋಪಾಯವೇ ನಿಂತುಹೋಗಬಹುದು. ಒಂದು ಹಳ್ಳಿಯ ಜನರೆಲ್ಲರೂ ಪಡಿತರಕ್ಕಾಗಿ ದೂರದ ಊರಿಗೆ ನಡೆಯಬೇಕಾಗಬಹುದು. ಶಾಲೆಯ ಮಗ್ಗುಲಲ್ಲಿ ಸಾರಾಯಿ ಅಂಗಡಿಯು ತಲೆಯೆತ್ತಬಹುದು.

ಹುಕುಮು ಕಾನೂನಿಗೆ ವಿರುದ್ಧವಾಗಿದೆಯೆಂದು ತೋರಿದಾಗ ಅದನ್ನು ಪ್ರಶ್ನಿಸುವ ಹಕ್ಕು ಯಾರಿಗುಂಟು ಎಂಬುದು ಬಹುಮುಖ್ಯವಾದ ವಿಚಾರ. ಹುಕುಮು ತಪ್ಪಾಗಿರುವುದೊಂದೇ ಸಾಲದು. ಕೇಳುವವನಿಗೆ ಕೇಳುವ ಅರ್ಹತೆಯೂ ಇರತಕ್ಕದ್ದು. ಈ ಅರ್ಹತೆಯನ್ನು ವ್ಯಾಜ್ಯಾರ್ಹತೆಯೆಂದು ಕರೆಯಬಹುದು. ಇದನ್ನರಿಯದೆ ಕೆಲವರು ಸಾಲಸೋಲ ಮಾಡಿ ಹೈಕೋರ್ಟಿನವರೆಗೂ ಹೋಗುತ್ತಾರೆ. ಅಲ್ಲಿ ಹುಕುಮಿನ ಸರಿತಪ್ಪುಗಳ ವಿಚಾರಣೆಗೆ ಮುಂಚೆಯೇ ಅರ್ಜಿಯು ವಜಾ ಆಗುವುದುಂಟು. ಅಷ್ಟರಲ್ಲಿ ನಿಜವಾಗಿ ಅನುಸರಿಸಬೇಕಾಗಿದ್ದ ಮಾರ್ಗದ ವಾಯಿದೆಯು ಮೀರಿಹೋಗಿರುತ್ತದೆ. ಆದುದರಿಂದ ಈ ವಿಷಯದಲ್ಲಿ ನ್ಯಾಯಾಲಯಗಳು ಯಾವ ತತ್ತ್ವವನ್ನು ಅನುಸರಿಸುತ್ತವೆಂಬುದನ್ನು ರೈತರೂ ವ್ಯಾಪಾರಿಗಳೂ ತಿಳಿದಿರುವುದು ಒಳ್ಳೆಯದು.

೧. ನಷ್ಟವು ಬೇರೆ, ಹಕ್ಕಿನ ಭಂಗವು ಬೇರೆ

ಈ ವಿಷಯಕ್ಕೆಲ್ಲ ತಳಹದಿಯಾದ ತತ್ತ್ವವು ಬಹು ಹಳೆಯದು. ಇಂಗ್ಲೆಂಡಿನ ಗ್ಲೌಸ್ಟರ್ ಎಂಬ ಪಟ್ಟಣದಲ್ಲಿ ಒಂದು ಪಾಠಶಾಲೆಯಿದ್ದಿತು. ಅದೇ ಊರಿನಲ್ಲಿ ಬೇರೊಬ್ಬ ಉಪಾಧ್ಯಾಯನು ಮತ್ತೊಂದು ಶಾಲೆಯನ್ನು ತೆರೆದನು. ಪೈಪೋಟಿಯಿಂದ ಹಳೆಯ ಶಾಲೆಯವರು ವಿದ್ಯಾರ್ಥಿಗಳಿಂದ ಪಡೆಯುತ್ತಿದ್ದ ಶುಲ್ಕವು ಮೂರು ತಿಂಗಳಿಗೆ ೪೦ ಪೆನ್ಸಿನಿಂದ ೧೨ ಪೆನ್ಸಿಗೆ ಇಳಿಯಿತು. ಅವರು ೧೪೧೦ರಲ್ಲಿ ದಾವಾ ಹೂಡಿದರು. ನಷ್ಟವಾದುದು ನಿಜವೆಂದು ಒಪ್ಪಿದರೂ ನ್ಯಾಯಾಧೀಶರು ಪರಿಹಾರವನ್ನು ಕೊಡಲಿಲ್ಲ. ಶಾಲೆಯನ್ನು ತೆರೆಯುವುದು ಅಪರಾಧವಲ್ಲ. ಊರಿನ ಮಕ್ಕಳೆಲ್ಲರೂ ತಮ್ಮಲ್ಲಿಗೇ ಬರಬೇಕೆಂಬ ಹಕ್ಕು ಹಳೆಯ ಶಾಲೆಯವರಿಗೆ ಇರಲಿಲ್ಲ. ಹಕ್ಕಿಲ್ಲದೆಡೆಯಲ್ಲಿ ಹಕ್ಕಿನ ಭಂಗವೂ ಇಲ್ಲವೆಂಬುದೇ ಆ ತೀರ್ಪಿನ ಸಾರ.

ಕಾನೂನಿನ ಗ್ರಂಥಗಳಲ್ಲಿ "ಬಾಧಿತನಾದವನು" ಎಂಬ ಮಾತು ಪದೇಪದೇ ಬರುತ್ತದೆ. ೧೮೮೦ರಲ್ಲಿ ಇಂಗ್ಲೆಂಡಿನ ನ್ಯಾಯಾಧೀಶರಾದ ಲಾರ್ಡ್ ಜಸ್ಟಿಸ್ ಜೇಮ್ಸ್ ಎಂಬವರು ಸೈಡ್‌ಬಾಟಂ ಎಂಬ ಹೆಸರಿನ ಮೊಕದ್ದಮೆಯಲ್ಲಿ ಈ ಮಾತಿಗೆ ಅರ್ಥವನ್ನು ಹೇಳಿದರು. ಬೇರೊಂದು ತೀರ್ಮಾನವಾಗಿದ್ದರೆ ತನಗೆ ಲಾಭ ಬರುತ್ತಿತ್ತೆಂದು ನಿರಾಶೆಗೊಂಡವನು ಬಾಧಿತನಲ್ಲ. ಆ ತೀರ್ಮಾನದಿಂದ ಯಾರಿಗೆ ಕಾನೂನು ಮನ್ನಿಸುವ ಕುಂದು ಉಂಟಾಯಿತೋ ಅವನೇ ಬಾಧಿತನು. ಕಾಲಾನಂತರದಲ್ಲಿ ಈ ಅರ್ಥವು ಕೆಲವೆಡೆ ಹಿಗ್ಗಿದ್ದರೂ ಭಾರತದ ನ್ಯಾಯಾಲಯಗಳು ಇಂದಿಗೂ ಮೊದಲು ನೋಡುವುದು ಇದನ್ನೇ.

ಇದನ್ನು ಅಂಗಡಿಯ ವಿಷಯಕ್ಕೆ ಅನ್ವಯಿಸಿದರೆ ಹೀಗಾಗುತ್ತದೆ: ಹುಕುಮಿನಿಂದ ಯಾರಿಗೆ ಎಷ್ಟು ನಷ್ಟವಾಯಿತೆಂಬುದನ್ನು ಕೋರ್ಟು ಮೊದಲು ಕೇಳುವುದಿಲ್ಲ. ಅಧಿಕಾರಿಯು ಮೀರಿದನೆಂದು ಹೇಳುವ ನಿಯಮವನ್ನು ಶಾಸನಕರ್ತರು ಯಾರ ರಕ್ಷಣೆಗಾಗಿ ಮಾಡಿದರು ಎಂಬುದನ್ನು ಕೇಳುತ್ತದೆ. ಆ ರಕ್ಷಿತರ ಗುಂಪಿನಲ್ಲಿ ಅರ್ಜಿದಾರನೂ ಸೇರಿದ್ದರೆ ಬಾಗಿಲು ತೆರೆಯುತ್ತದೆ.

೨. ಲೈಸೆನ್ಸನ್ನು ಕೇಳಿದವನೂ ಕಳೆದುಕೊಂಡವನೂ

ಅರ್ಹತೆಯ ವಿಷಯದಲ್ಲಿ ಸಂದೇಹವೇ ಇಲ್ಲದವರು ಇಬ್ಬರು: ಲೈಸೆನ್ಸಿಗೆ ಅರ್ಜಿಯನ್ನು ಕೊಟ್ಟು ನಿರಾಕರಣೆಯನ್ನು ಪಡೆದವನು, ಮತ್ತು ಇದ್ದ ಲೈಸೆನ್ಸನ್ನು ಕಳೆದುಕೊಂಡವನು. ಭಾರತ ಸಂವಿಧಾನದ ೧೯ನೆಯ ಅನುಚ್ಛೇದವು ಪ್ರತಿಯೊಬ್ಬ ಪ್ರಜೆಗೂ ಉದ್ಯೋಗ ವ್ಯಾಪಾರಗಳನ್ನು ನಡೆಸುವ ಹಕ್ಕನ್ನು ಕೊಟ್ಟಿದೆ. ಸಾರ್ವಜನಿಕರ ಹಿತಕ್ಕಾಗಿ ಸರ್ಕಾರವು ಕಾನೂನಿನ ಮೂಲಕ ಯುಕ್ತವಾದ ನಿರ್ಬಂಧಗಳನ್ನು ವಿಧಿಸಬಹುದು. ನಿರ್ಬಂಧವು ಮಿತಿಮೀರಿದಾಗ ಅಥವಾ ಕ್ರಮತಪ್ಪಿದಾಗ ನೇರವಾಗಿ ಪೆಟ್ಟು ಬೀಳುವುದು ಇವರಿಬ್ಬರಿಗೇ.

ವ್ಯವಸಾಯಕ್ಕೆ ಸಂಬಂಧಪಟ್ಟ ಅಂಗಡಿಗಳ ವಿಷಯದಲ್ಲಿ ಶಾಸನಗಳೇ ಅಪೀಲಿನ ಮಾರ್ಗವನ್ನು ಹೇಳಿವೆ. ೧೯೬೮ರ ಕೀಟನಾಶಕಗಳ ಕಾಯಿದೆಯ ೧೩ನೆಯ ಪ್ರಕರಣದಂತೆ ಲೈಸೆನ್ಸನ್ನು ಕೊಡುತ್ತಾರೆ. ೧೪ನೆಯ ಪ್ರಕರಣದಂತೆ ಅದನ್ನು ಅಮಾನತಿನಲ್ಲಿಡಬಹುದು ಅಥವಾ ಹಿಂತೆಗೆದುಕೊಳ್ಳಬಹುದು. ಹಾಗೆ ಮಾಡುವುದಕ್ಕೆ ಮುಂಚೆ ಲೈಸೆನ್ಸುದಾರನಿಗೆ ತನ್ನ ಸಮಾಧಾನವನ್ನು ಹೇಳಿಕೊಳ್ಳಲು ಅವಕಾಶ ಕೊಡತಕ್ಕದ್ದು. ತೀರ್ಮಾನವು ತಿಳಿದ ದಿನದಿಂದ ೩೦ ದಿವಸಗಳೊಳಗೆ ಬಾಧಿತನು ೧೫ನೆಯ ಪ್ರಕರಣದಂತೆ ಅಪೀಲು ಮಾಡಿಕೊಳ್ಳಬಹುದು.

ಬಿತ್ತನೆ ಬೀಜದ ಅಂಗಡಿಗಳಿಗೆ ೧೯೮೩ರ ಬೀಜ ನಿಯಂತ್ರಣ ಆಜ್ಞೆಯು ಅನ್ವಯಿಸುತ್ತದೆ. ಅದರ ೧೬ನೆಯ ಖಂಡದಂತೆ ಅಪೀಲಿಗೆ ೬೦ ದಿವಸಗಳ ವಾಯಿದೆಯುಂಟು. ಈ ಖಂಡವನ್ನು ಗಮನವಿಟ್ಟು ಓದತಕ್ಕದ್ದು. ಅಪೀಲು ಮಾಡಬಹುದಾದ ಹುಕುಮುಗಳು ಯಾವುವೆಂಬುದನ್ನು ಅದು ಎಣಿಸಿ ಹೇಳುತ್ತದೆ: ಲೈಸೆನ್ಸನ್ನು ಕೊಡಲು, ತಿದ್ದಲು ಅಥವಾ ನವೀಕರಿಸಲು ನಿರಾಕರಿಸಿದ ಹುಕುಮು, ಅಮಾನತಿನ ಅಥವಾ ರದ್ದಿನ ಹುಕುಮು. ಲೈಸೆನ್ಸನ್ನು ಕೊಟ್ಟ ಹುಕುಮು ಈ ಎಣಿಕೆಯಲ್ಲಿ ಇಲ್ಲ. ಆದುದರಿಂದ ಮತ್ತೊಬ್ಬನಿಗೆ ಲೈಸೆನ್ಸು ಸಿಕ್ಕಿತೆಂದು ಈ ಖಂಡದಂತೆ ಅಪೀಲು ಹೂಡಲು ಬರುವುದಿಲ್ಲ. "ಬಾಧಿತನಾದ ಯಾವನೇ ಆಗಲಿ" ಎಂಬ ಮಾತನ್ನು ಮಾತ್ರ ನೋಡಿ ಮುಂದಿನ ಸಾಲನ್ನು ಓದದೆ ಬಿಡುವವರು ಇಲ್ಲಿಯೇ ಎಡವುತ್ತಾರೆ.

೩. ಎದುರಂಗಡಿಯವನ ತಕರಾರು

ತಕರಾರುಗಳಲ್ಲಿ ಬಹುಪಾಲು ಬರುವುದು ಎದುರಂಗಡಿಯವನಿಂದ. ಹತ್ತಾರು ವರುಷಗಳಿಂದ ಒಂದೇ ಅಂಗಡಿಯಿದ್ದ ಊರಿನಲ್ಲಿ ಎರಡನೆಯದಕ್ಕೆ ಲೈಸೆನ್ಸು ಸಿಕ್ಕಿದಾಗ ಮೊದಲನೆಯವನಿಗೆ ಸಂಕಟವಾಗುವುದು ಸಹಜ. ಹೊಸಬನ ಅರ್ಜಿಯಲ್ಲಿ ಒಂದೆರಡು ಲೋಪಗಳೂ ಇರಬಹುದು. ಅವುಗಳನ್ನು ಎತ್ತಿಹಿಡಿದು ಲೈಸೆನ್ಸನ್ನು ರದ್ದುಪಡಿಸಬಹುದೆ?

ಇದಕ್ಕೆ ಉತ್ತರವು ಕನ್ನಡನಾಡಿನ ಒಂದು ಮೊಕದ್ದಮೆಯಿಂದಲೇ ದೊರೆತಿದೆ. ೧೯೫೮ರ ಅಕ್ಕಿ ಗಿರಣಿ ಉದ್ಯಮದ ನಿಯಂತ್ರಣ ಕಾಯಿದೆಯಂತೆ ಭತ್ತದ ಗಿರಣಿಗೆ ಲೈಸೆನ್ಸು ಬೇಕಾಗಿದ್ದಿತು. ಗಿರಣಿಯನ್ನು ಒಂದು ಸ್ಥಳದಿಂದ ಮತ್ತೊಂದಕ್ಕೆ ಸಾಗಿಸಲು ಮುಂಚಿತವಾಗಿ ಅನುಮತಿ ಪಡೆಯಬೇಕಾಗಿದ್ದಿತು. ಆಗಿನ ಮೈಸೂರು ರಾಜ್ಯದ ನಗರ ರೈಸ್ ಅಂಡ್ ಫ್ಲೋರ್ ಮಿಲ್ಸ್ ಎಂಬ ಗಿರಣಿಯವರು ಹೊಸ ಸ್ಥಳಕ್ಕೆ ಹೋಗಲು ಅನುಮತಿಯನ್ನು ಪಡೆದರು. ಮತ್ತೊಂದು ಗಿರಣಿಯವರು ಇದನ್ನು ಪ್ರಶ್ನಿಸಿದರು. ಮೈಸೂರು ಹೈಕೋರ್ಟು ಅನುಮತಿಯನ್ನು ರದ್ದುಪಡಿಸಿತು. ಆದರೆ ೧೯೭೦ರಲ್ಲಿ ಸುಪ್ರೀಂ ಕೋರ್ಟು ಆ ತೀರ್ಪನ್ನು ತಳ್ಳಿಹಾಕಿತು. ವ್ಯಾಪಾರ ಮಾಡುವ ಹಕ್ಕು ಎಲ್ಲರಿಗೂ ಉಂಟು. ಸರ್ಕಾರವು ಕಾನೂನಿನಿಂದ ವಿಧಿಸಿದ ನಿರ್ಬಂಧದ ಹೊರತು, ತನ್ನ ವ್ಯಾಪಾರಕ್ಕೆ ಕುಂದಾಗುತ್ತದೆಂದು ಒಬ್ಬನು ಇನ್ನೊಬ್ಬನ ವ್ಯಾಪಾರವನ್ನು ತಡೆಯುವಂತಿಲ್ಲವೆಂದು ನ್ಯಾಯಾಧೀಶರು ಹೇಳಿದರು. ಮುಂಚಿತವಾಗಿ ಅನುಮತಿ ಪಡೆಯಲೇ ಇಲ್ಲವೆಂದು ಇಟ್ಟುಕೊಂಡರೂ, ಪ್ರತಿಸ್ಪರ್ಧಿಯ ಯಾವ ಹಕ್ಕಿಗೂ ಭಂಗ ಬಂದಿಲ್ಲವಾದುದರಿಂದ ಅವನಿಗೆ ವ್ಯಾಜ್ಯಾರ್ಹತೆಯಿಲ್ಲವೆಂದರು. ಆ ಕಾಯಿದೆಯು ೧೯೯೭ರಲ್ಲಿ ರದ್ದಾಯಿತು. ತೀರ್ಪಿನ ತತ್ತ್ವವು ಉಳಿದುಕೊಂಡಿದೆ.

ಐದು ವರುಷಗಳ ಅನಂತರ, ೧೯೭೫ರಲ್ಲಿ, ಇದೇ ಪ್ರಶ್ನೆಯು ಗುಜರಾತಿನ ಮೆಹಮದಾಬಾದಿನಿಂದ ಬಂದಿತು. ಅಲ್ಲಿ ಸಿನಿಮಾ ಮಂದಿರವೊಂದರ ಒಡೆಯನು, ಅದೇ ಊರಿನಲ್ಲಿ ಮತ್ತೊಂದು ಮಂದಿರಕ್ಕೆ ಕೊಟ್ಟ ನಿರಾಕ್ಷೇಪಣಾ ಪತ್ರವನ್ನು ಪ್ರಶ್ನಿಸಿದನು. ಜಸ್ಟಿಸ್ ಸರ್ಕಾರಿಯಾ ಅವರು ಬರೆದ ತೀರ್ಪಿನಲ್ಲಿ ಅರ್ಜಿದಾರರನ್ನು ಮೂರು ಬಗೆಯಾಗಿ ವಿಂಗಡಿಸಿದ್ದಾರೆ: ಬಾಧಿತನಾದವನು, ಹೊರಗಿನವನು, ತನಗೆ ಸಂಬಂಧಿಸದ ಕಾರ್ಯದಲ್ಲಿ ತಲೆಹಾಕುವವನು. ಕೊನೆಯವನನ್ನು ಬಾಗಿಲಲ್ಲೇ ತಡೆಯಬೇಕು. ಮಧ್ಯದವನ ವಿಷಯದಲ್ಲಿ ಕೋರ್ಟು ತನ್ನ ವಿವೇಚನೆಯಿಂದ ನಡೆಯುತ್ತದೆ. ಮೊದಲನೆಯವನನ್ನು ಒಳಕ್ಕೆ ಬಿಡಬೇಕು. ಸಿನಿಮಾ ನಿಯಮಗಳು ಸ್ಥಳದಿಂದ ೨೦೦ ಗಜದೊಳಗೆ ವಾಸಿಸುವವರಿಗೂ, ಅಲ್ಲಿರುವ ಶಾಲೆ, ದೇವಾಲಯ, ಮಸೀದಿ ಮುಂತಾದ ಸಂಸ್ಥೆಗಳಿಗೆ ಸಂಬಂಧಪಟ್ಟವರಿಗೂ ವಿಶೇಷವಾದ ಹಿತಾಸಕ್ತಿಯಿದೆಯೆಂದು ಮನ್ನಿಸಿದ್ದವು. ಪ್ರತಿಸ್ಪರ್ಧಿಯು ಆ ಗುಂಪಿಗೆ ಸೇರಿರಲಿಲ್ಲ. ಆಕ್ಷೇಪಣೆಗಳನ್ನು ಕರೆದು ಪ್ರಕಟಣೆ ಹೊರಟಾಗ ಅವನು ಆಕ್ಷೇಪಣೆಯನ್ನೂ ಸಲ್ಲಿಸಿರಲಿಲ್ಲ. ಅವನಿಗೆ ಆಗತಕ್ಕದ್ದು ಲಾಭದ ಕೊರತೆ ಮಾತ್ರ. ಅದನ್ನು ಕಾನೂನು ಬಾಧೆಯೆಂದು ಎಣಿಸುವುದಿಲ್ಲ.

ಈ ತತ್ತ್ವವು ರೈತನಿಗೆ ಹಿತಕರವಾದುದು. ಊರಿನ ಒಂಟಿ ಗೊಬ್ಬರದಂಗಡಿಯವನು ಎರಡನೆಯ ಅಂಗಡಿಯನ್ನು ಕೋರ್ಟಿನ ಮೂಲಕ ತಡೆಯಬಲ್ಲವನಾಗಿದ್ದರೆ, ಬೆಲೆಯಲ್ಲಿಯೂ ಗುಣದಲ್ಲಿಯೂ ಪೈಪೋಟಿಯುಂಟಾಗುವ ಸಂಭವವೇ ಇರುತ್ತಿರಲಿಲ್ಲ.

೪. ನೆರೆಹೊರೆಯವರ ಹಕ್ಕು

ನೆರೆಯವರ ಸ್ಥಿತಿಯು ಇದಕ್ಕಿಂತ ಬೇರೆ. ಇದಕ್ಕೂ ಕನ್ನಡನಾಡಿನದೇ ಉದಾಹರಣೆಯಿದೆ. ಉಡುಪಿಯಲ್ಲಿ ಕಲ್ಯಾಣ ಮಂಟಪ ಹಾಗೂ ಉಪನ್ಯಾಸ ಮಂದಿರವೆಂದು ಅನುಮತಿ ಪಡೆದಿದ್ದ ಕಟ್ಟಡವನ್ನು ಸಿನಿಮಾ ಮಂದಿರವಾಗಿ ಪರಿವರ್ತಿಸಲು ಪುರಸಭೆಯು ಒಪ್ಪಿತು. ಆ ಪ್ರದೇಶವು ನಗರ ಯೋಜನೆಯಂತೆ ವಾಸದ ಮನೆಗಳಿಗೆ ಮೀಸಲಾಗಿದ್ದಿತು. ಅಲ್ಲಿ ವಾಸವಾಗಿದ್ದ ಒಬ್ಬರು ಇದನ್ನು ಪ್ರಶ್ನಿಸಿದರು. ಪರಿವರ್ತನೆಯು ಕಾನೂನಿಗೆ ವಿರುದ್ಧವೆಂದು ಹೈಕೋರ್ಟು ಒಪ್ಪಿದರೂ, ಬಹಳ ಹಣ ಖರ್ಚಾಗಿದೆಯೆಂಬ ಕಾರಣದಿಂದ ಅದನ್ನು ರದ್ದುಪಡಿಸಲಿಲ್ಲ. ೧೯೭೪ರಲ್ಲಿ ಸುಪ್ರೀಂ ಕೋರ್ಟು ಆ ನಿವಾಸಿಯ ಅಪೀಲನ್ನು ಒಪ್ಪಿತು. ನಗರ ಯೋಜನೆಯಿರುವುದೇ ಆ ಪ್ರದೇಶದ ನಿವಾಸಿಗಳ ಸೌಖ್ಯಕ್ಕಾಗಿ. ಯೋಜನೆಯನ್ನು ಮೀರಿದರೆ ನಿವಾಸಿಯ ಹಕ್ಕಿಗೇ ಭಂಗವುಂಟಾಗುತ್ತದೆ. ಕಾನೂನುಬಾಹಿರ ಕಟ್ಟಡಕ್ಕೆ ಹಣ ಸುರಿದವನು ಆ ಖರ್ಚನ್ನೇ ಗುರಾಣಿಯಾಗಿ ಹಿಡಿಯುವಂತಿಲ್ಲ.

ಮೆಹಮದಾಬಾದಿನ ಮೊಕದ್ದಮೆಯನ್ನೂ ಉಡುಪಿಯದನ್ನೂ ಒಟ್ಟಿಗೆ ಇಟ್ಟು ನೋಡಿದರೆ ತತ್ತ್ವವು ಸ್ಪಷ್ಟವಾಗುತ್ತದೆ. ಎರಡರಲ್ಲಿಯೂ ಪ್ರಶ್ನೆ ಬಂದುದು ಸಿನಿಮಾ ಮಂದಿರದ ಮೇಲೆಯೇ. ಒಬ್ಬನು ತನ್ನ ಟಿಕೀಟಿನ ಹಣಕ್ಕಾಗಿ ಹೋದನು; ಆ ಹಣವನ್ನು ಕಾಪಾಡುವ ನಿಯಮವಿರಲಿಲ್ಲ. ಮತ್ತೊಬ್ಬರು ತಮ್ಮ ಮನೆಯ ಶಾಂತಿಗಾಗಿ ಹೋದರು. ಅದನ್ನು ಕಾಪಾಡುವ ನಿಯಮವಿದ್ದಿತು.

ಸಾರಾಯಿ ಅಂಗಡಿಗಳ ವಿಷಯದಲ್ಲಿ ಹಳ್ಳಿಗರು ಈ ಭೇದವನ್ನು ನೆನಪಿನಲ್ಲಿಡಬೇಕು. ಮದ್ಯದ ವ್ಯಾಪಾರವು ಯಾರ ಮೂಲಭೂತ ಹಕ್ಕೂ ಅಲ್ಲವೆಂದು ಸುಪ್ರೀಂ ಕೋರ್ಟು ೧೯೯೪ರಲ್ಲಿ ಕರ್ನಾಟಕದ ಮೊಕದ್ದಮೆಯೊಂದರಲ್ಲಿಯೇ ಹೇಳಿದೆ. ಕರ್ನಾಟಕದ ೧೯೬೭ರ ಅಬಕಾರಿ ನಿಯಮಗಳಲ್ಲಿ, ದೇವಾಲಯಾದಿ ಧಾರ್ಮಿಕ ಸಂಸ್ಥೆ, ವಿದ್ಯಾಸಂಸ್ಥೆ, ಆಸ್ಪತ್ರೆ ಮೊದಲಾದವುಗಳಿಂದ ೧೦೦ ಮೀಟರಿನೊಳಗೆ ಮದ್ಯದ ಅಂಗಡಿಗೆ ಲೈಸೆನ್ಸು ಕೊಡಬಾರದೆಂಬ ನಿರ್ಬಂಧವುಂಟು. ಶಾಲೆಯವರು, ಮಕ್ಕಳ ತಂದೆತಾಯಿಗಳು, ಆಸ್ಪತ್ರೆಯವರು ಈ ದೂರದ ನಿಯಮವನ್ನು ಆಧಾರವಾಗಿಟ್ಟುಕೊಂಡು ಪ್ರಶ್ನಿಸಿದರೆ ಅವರು ರಕ್ಷಿತರ ಗುಂಪಿನಲ್ಲಿಯೇ ನಿಂತು ಕೇಳಿದಂತಾಗುತ್ತದೆ. ಅದೇ ನಿಯಮವನ್ನು ಮುಂದುಮಾಡಿಕೊಂಡು ಬರುವ ಬೇರೊಂದು ಮದ್ಯದಂಗಡಿಯವನ ಮಾತನ್ನು ಕೋರ್ಟು ಸಂಶಯದಿಂದ ನೋಡುವುದು ಸಹಜ.

೫. ಪ್ರತಿಸ್ಪರ್ಧಿಯ ಮಾತನ್ನೂ ಕೇಳಿದ ಸಂದರ್ಭ

ಆದರೂ ಪ್ರತಿಸ್ಪರ್ಧಿಗೆ ಎಲ್ಲ ಕಾಲದಲ್ಲಿಯೂ ಬಾಗಿಲು ಮುಚ್ಚಿದೆಯೆಂದು ತಿಳಿಯಬಾರದು. ೨೦೦೦ದ ಇಸವಿಯಲ್ಲಿ ಕೇರಳದಿಂದ ಒಂದು ಮೊಕದ್ದಮೆ ಬಂದಿತು. ಅಲ್ಲಿ ವಿದೇಶೀ ಮದ್ಯದ ಅಂಗಡಿಯೊಂದಕ್ಕೆ ಒಂದು ವಲಯಕ್ಕೆಂದು ಹರಾಜಿನಲ್ಲಿ ಹಕ್ಕು ದೊರೆತಿದ್ದಿತು. ಅದನ್ನು ಬೇರೊಂದು ವಲಯಕ್ಕೆ ಸಾಗಿಸಲು ಅಬಕಾರಿ ಕಮೀಷನರು ಒಪ್ಪಿದರು. ಅದೇ ಬಗೆಯ ವ್ಯಾಪಾರದಲ್ಲಿದ್ದ ಮತ್ತೊಬ್ಬರು ಪ್ರಶ್ನಿಸಿದಾಗ, ಅವರಿಗೆ ಅರ್ಹತೆಯಿಲ್ಲವೆಂಬ ವಾದವನ್ನು ಸುಪ್ರೀಂ ಕೋರ್ಟು ಒಪ್ಪಲಿಲ್ಲ. ವ್ಯಾಜ್ಯಾರ್ಹತೆಯ ಅರ್ಥವು ಹಿಂದಿಗಿಂತ ವಿಶಾಲವಾಗಿದೆಯೆಂದೂ, ಹಾಗೆ ಸಾಗಿಸಲು ಒಪ್ಪುವ ಅಧಿಕಾರವೇ ಕಮೀಷನರಿಗೆ ಇಲ್ಲದಿದ್ದರೆ, ಕೇಳಿದವನಿಗೆ ಅರ್ಹತೆಯಿಲ್ಲವೆಂಬ ಒಂದೇ ನೆವದಿಂದ ಆ ಹುಕುಮನ್ನು ಜೀವಂತವಾಗಿ ಉಳಿಸುವುದು ಸರಿಯಲ್ಲವೆಂದೂ ಹೇಳಿತು.

ಹೀಗೆ ಅಧಿಕಾರಿಯು ತನ್ನ ಅಧಿಕಾರದ ಎಲ್ಲೆಯನ್ನೇ ದಾಟಿದ ಸಂದರ್ಭದಲ್ಲಿ ಪ್ರತಿಸ್ಪರ್ಧಿಯ ಮಾತಿಗೂ ಕೋರ್ಟು ಕಿವಿಗೊಟ್ಟದ್ದುಂಟು. ಆದರೆ ಅಧಿಕಾರವಿದ್ದು ಅದನ್ನು ನಡೆಸುವಾಗ ಸಣ್ಣಪುಟ್ಟ ಲೋಪವಾಯಿತೆಂದು ಹೇಳುವ ಪ್ರತಿಸ್ಪರ್ಧಿಯು ೧೯೭೦ರ ಮತ್ತು ೧೯೭೫ರ ತೀರ್ಪುಗಳನ್ನು ದಾಟಿ ಹೋಗುವುದು ಕಷ್ಟ. ಈ ಎರಡರ ನಡುವಣ ಗೆರೆಯು ಪ್ರತಿಯೊಂದು ಮೊಕದ್ದಮೆಯ ಸಂಗತಿಗಳ ಮೇಲೆ ನಿಲ್ಲತಕ್ಕದ್ದು.

೬. ನ್ಯಾಯಬೆಲೆಯ ಅಂಗಡಿ

ಪಡಿತರದ ಅಂಗಡಿಯಲ್ಲಿ ಒಂದು ವಿಶೇಷ ತೊಡಕು ಹುಟ್ಟುತ್ತದೆ. ಒಬ್ಬನ ಲೈಸೆನ್ಸು ರದ್ದಾಗುತ್ತದೆ. ಕಾರ್ಡುದಾರರಿಗೆ ಧಾನ್ಯವು ತಪ್ಪಬಾರದೆಂದು ಅಂಗಡಿಯನ್ನು ಮತ್ತೊಬ್ಬರಿಗೆ ವಹಿಸುತ್ತಾರೆ. ಆಮೇಲೆ ಮೊದಲನೆಯವನು ಅಪೀಲಿನಲ್ಲಿ ಗೆಲ್ಲುತ್ತಾನೆ. ಈಗ ಎರಡನೆಯವರು ಆ ರದ್ದಿಯಾತಿಯೇ ಸರಿಯಾಗಿತ್ತೆಂದು ವಾದಿಸಬಹುದೆ?

ಉತ್ತರ ಪ್ರದೇಶದ ಇಂಥ ಒಂದು ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ೨೦೧೫ರಲ್ಲಿ ತೀರ್ಪು ಕೊಟ್ಟಿತು. ಎರಡನೆಯವರಿಗೆ ಅಂಗಡಿ ಬಂದುದು ಮೊದಲನೆಯವನ ಸ್ಥಾನ ತೆರವಾದುದರಿಂದ. ಅವರಿಗೆ ಸ್ವತಂತ್ರವಾದ ಹಕ್ಕಿಲ್ಲ. ಆದ ಕಾರಣ ಮೊದಲನೆಯವನಿಗೂ ಸರ್ಕಾರಕ್ಕೂ ನಡೆಯುವ ವ್ಯಾಜ್ಯದಲ್ಲಿ ಅವರು ಅವಶ್ಯ ಪಕ್ಷಗಾರರಲ್ಲ. ಆದರೆ ೨೦೨೨ರಲ್ಲಿ ಅದೇ ರಾಜ್ಯದ ಮತ್ತೊಂದು ಮೊಕದ್ದಮೆಯಲ್ಲಿ, ಸರ್ಕಾರದ ಆದೇಶಾನುಸಾರ ಕ್ರಮಬದ್ಧವಾಗಿ ನೇಮಕಗೊಂಡವನ ಅಹವಾಲನ್ನು ಕೇಳದೆ ಮೊದಲನೆಯವನನ್ನು ಪುನಃ ಸ್ಥಾಪಿಸಬಾರದೆಂದು ಅದೇ ಕೋರ್ಟು ಹೇಳಿತು. ಆದ್ದರಿಂದ ಇಂಥ ಅಂಗಡಿಯನ್ನು ವಹಿಸಿಕೊಳ್ಳುವ ಸಹಕಾರ ಸಂಘದವರೂ ಸ್ತ್ರೀಯರ ಸ್ವಸಹಾಯ ಸಂಘದವರೂ ತಮ್ಮ ನೇಮಕವು ತಾತ್ಕಾಲಿಕವೋ ಕಾಯಮ್ಮೋ ಎಂಬುದನ್ನು, ಅದು ಯಾವ ಆದೇಶದ ಆಧಾರದ ಮೇಲೆ ಆಯಿತೆಂಬುದನ್ನು, ಹುಕುಮಿನ ಪ್ರತಿಯಲ್ಲಿ ನೋಡಿಕೊಂಡೇ ಮುಂದುವರಿಯಬೇಕು. ಬಂಡವಾಳವನ್ನು ಹೂಡಿದ ಮೇಲೆ ನೋಡಿ ಫಲವಿಲ್ಲ.

ಕಾರ್ಡುದಾರರಿಗೆ ೨೦೧೩ರ ರಾಷ್ಟ್ರೀಯ ಆಹಾರ ಭದ್ರತಾ ಕಾಯಿದೆಯು ಬೇರೆಯೇ ದಾರಿಯನ್ನು ಕೊಟ್ಟಿದೆ. ಅದರ ೧೫ನೆಯ ಪ್ರಕರಣದಂತೆ ಜಿಲ್ಲೆಗೊಬ್ಬ ಕುಂದುಕೊರತೆ ಪರಿಹಾರಾಧಿಕಾರಿಯೂ, ೧೬ನೆಯ ಪ್ರಕರಣದಂತೆ ರಾಜ್ಯಕ್ಕೊಂದು ಆಹಾರ ಆಯೋಗವೂ ಇರತಕ್ಕದ್ದು. ಧಾನ್ಯವು ಸಿಗದಿದ್ದರೆ ಜಿಲ್ಲೆಯ ಅಧಿಕಾರಿಗೆ ದೂರು ಕೊಡಬಹುದು. ಅಲ್ಲಿ ತೃಪ್ತಿಯಾಗದಿದ್ದರೆ ಆಯೋಗಕ್ಕೆ ಅಪೀಲು ಹೋಗಬಹುದು. ಪ್ರತಿಯೊಂದು ನ್ಯಾಯಬೆಲೆಯ ಅಂಗಡಿಗೂ ಜಾಗೃತಿ ಸಮಿತಿಯಿರತಕ್ಕದ್ದೆಂದು ೨೯ನೆಯ ಪ್ರಕರಣವು ಹೇಳುತ್ತದೆ. ಧಾನ್ಯವು ಇಲ್ಲಿ ಕಾರ್ಡುದಾರನ ಕಾನೂನುಬದ್ಧ ಹಕ್ಕು. ಆದುದರಿಂದ ಅವನ ಅರ್ಹತೆಯನ್ನು ಪ್ರಶ್ನಿಸುವಂತೆಯೇ ಇಲ್ಲ.

೭. ಬೀಜವನ್ನೂ ಔಷಧಿಯನ್ನೂ ಕೊಳ್ಳುವ ರೈತ

ಕಳಪೆ ಬೀಜವನ್ನು ಮಾರಿದ ಅಂಗಡಿಗೆ ಮರುವರುಷ ಲೈಸೆನ್ಸು ನವೀಕರಣವಾದುದನ್ನು ಕಂಡು ಬೆಳೆ ಕಳೆದುಕೊಂಡ ರೈತನಿಗೆ ನೋವಾಗುವುದು ಯುಕ್ತವೇ. ಆದರೆ ನವೀಕರಣದ ಹುಕುಮಿನ ಮೇಲೆ ಬೀಜ ನಿಯಂತ್ರಣ ಆಜ್ಞೆಯಲ್ಲಿ ಅಪೀಲಿಲ್ಲವೆಂಬುದನ್ನು ಮೇಲೆಯೇ ಹೇಳಿದೆ. ಹಾಗೆಂದು ರೈತನು ನಿರುಪಾಯನಲ್ಲ. ಲೈಸೆನ್ಸಿನ ಷರತ್ತುಗಳನ್ನು ಮೀರಿದವನ ಲೈಸೆನ್ಸನ್ನು ೧೫ನೆಯ ಖಂಡದಂತೆ ಅಮಾನತಿನಲ್ಲಿಡುವ ಅಥವಾ ರದ್ದುಪಡಿಸುವ ಅಧಿಕಾರವು ಲೈಸೆನ್ಸು ಕೊಡುವವರಿಗೇ ಇದೆ. ರೈತನು ರಸೀದಿ, ಬೀಜದ ಚೀಲದ ಮೇಲಿನ ಚೀಟಿ, ಉಳಿದ ಬೀಜ ಇವುಗಳೊಡನೆ ಬರಹದಲ್ಲಿ ದೂರು ಕೊಟ್ಟರೆ ಬೀಜ ನಿರೀಕ್ಷಕರು ಮಾದರಿಯನ್ನು ತೆಗೆದು ಪರೀಕ್ಷೆಗೆ ಕಳುಹಿಸಬಹುದು. ಇಂಥ ದೂರನ್ನು ಅಧಿಕಾರಿಯು ವಿಚಾರಿಸದೆ ಇಟ್ಟುಕೊಂಡರೆ, ಅದನ್ನು ವಿಚಾರಿಸಿ ತೀರ್ಮಾನಿಸುವಂತೆ ಆಜ್ಞಾಪಿಸಬೇಕೆಂದು ಹೈಕೋರ್ಟಿನಲ್ಲಿ ಕೇಳಬಹುದು. "ಲೈಸೆನ್ಸನ್ನು ರದ್ದುಮಾಡಿ" ಎಂದು ಕೋರ್ಟನ್ನು ಕೇಳುವುದಕ್ಕಿಂತ "ನನ್ನ ದೂರನ್ನು ವಿಚಾರಿಸಲು ಹೇಳಿ" ಎಂದು ಕೇಳುವುದು ಗಟ್ಟಿಯಾದ ನೆಲದ ಮೇಲೆ ನಿಂತ ಕೋರಿಕೆ.

ಬೆಳೆಯ ನಷ್ಟಕ್ಕೆ ಪರಿಹಾರವು ಬೇಕಾದರೆ ಅದಕ್ಕೆ ಗ್ರಾಹಕ ನ್ಯಾಯಾಸ್ಥಾನವುಂಟು. ಬೀಜವನ್ನು ಕೊಂಡ ರೈತನೂ ಗ್ರಾಹಕನೇ ಎಂದೂ, ಬೀಜದ ಕಾಯಿದೆಯಿರುವುದರಿಂದ ಆ ದಾರಿಯು ಮುಚ್ಚಿಹೋಗುವುದಿಲ್ಲವೆಂದೂ ಸುಪ್ರೀಂ ಕೋರ್ಟು ೨೦೧೨ರಲ್ಲಿ ರಾಷ್ಟ್ರೀಯ ಬೀಜ ನಿಗಮದ ಮೊಕದ್ದಮೆಯಲ್ಲಿ ನಿರ್ಣಯಿಸಿದೆ. ಈಗ ಈ ವ್ಯವಹಾರವು ೨೦೧೯ರ ಗ್ರಾಹಕ ಸಂರಕ್ಷಣಾ ಕಾಯಿದೆಯಂತೆ ಜಿಲ್ಲಾ ಆಯೋಗದಲ್ಲಿ ಆರಂಭವಾಗುತ್ತದೆ.

೮. ಸಾರ್ವಜನಿಕ ಹಿತದ ಅರ್ಜಿ

ಸ್ವಂತಕ್ಕೆ ಬಾಧೆಯಿಲ್ಲದವನೂ ಸಮಾಜದ ಹಿತಕ್ಕಾಗಿ ಕೋರ್ಟಿಗೆ ಹೋಗಬಹುದೆಂಬ ತತ್ತ್ವವನ್ನು ಸುಪ್ರೀಂ ಕೋರ್ಟು ೧೯೮೧ರ ಡಿಸೆಂಬರ್ ೩೦ರಂದು ಕೊಟ್ಟ, ನ್ಯಾಯಾಧೀಶರ ವರ್ಗಾವಣೆಗೆ ಸಂಬಂಧಿಸಿದ ತೀರ್ಪಿನಲ್ಲಿ ವಿಸ್ತಾರವಾಗಿ ಸ್ಥಾಪಿಸಿತು. ಬಡತನದಿಂದಲೋ ಅಜ್ಞಾನದಿಂದಲೋ ತಾವೇ ಬರಲಾರದವರ ಪರವಾಗಿ ಬೇರೊಬ್ಬನು ಬರಬಹುದು. ಅಂಗಡಿಗಳ ವಿಷಯದಲ್ಲಿ ಇದರ ದೊಡ್ಡ ಉದಾಹರಣೆಯೆಂದರೆ ಹೆದ್ದಾರಿಯ ಮದ್ಯದಂಗಡಿಗಳದು. ೨೦೧೬ರ ಡಿಸೆಂಬರ್ ೧೫ರಂದು, ಹೆದ್ದಾರಿಯ ಅಂಚಿನಿಂದ ೫೦೦ ಮೀಟರಿನೊಳಗೆ ಮದ್ಯದಂಗಡಿಗಳಿರಬಾರದೆಂದು ಸುಪ್ರೀಂ ಕೋರ್ಟು ಆಜ್ಞಾಪಿಸಿತು. ೨೦೧೭ರ ಮಾರ್ಚ್ ೩೧ರಂದು, ೨೦,೦೦೦ ಅಥವಾ ಅದಕ್ಕೆ ಕಡಿಮೆ ಜನಸಂಖ್ಯೆಯುಳ್ಳ ಊರುಗಳಲ್ಲಿ ಆ ದೂರವನ್ನು ೨೨೦ ಮೀಟರಿಗೆ ಇಳಿಸಿತು. ಅದೇ ವರುಷ ಪಟ್ಟಣಗಳ ಎಲ್ಲೆಯೊಳಗಿನ ಅಂಗಡಿಗಳಿಗೆ ವಿನಾಯಿತಿಯೂ ದೊರೆಯಿತು.

ಆದರೆ ಈ ಮಾರ್ಗವನ್ನು ದ್ವೇಷಸಾಧನೆಗೂ ವ್ಯಾಪಾರದ ಪೈಪೋಟಿಗೂ ಬಳಸಿಕೊಳ್ಳುವವರು ಹೆಚ್ಚಿದುದರಿಂದ, ಅರ್ಜಿದಾರನ ಪ್ರಾಮಾಣಿಕತೆಯನ್ನು ಮೊದಲು ಪರೀಕ್ಷಿಸಬೇಕೆಂದು ಸುಪ್ರೀಂ ಕೋರ್ಟು ೨೦೧೦ರಲ್ಲಿ ಹೈಕೋರ್ಟುಗಳಿಗೆ ಸೂಚಿಸಿದೆ. ಮುಂದೆ ನಿಂತವನ ಬೆನ್ನ ಹಿಂದೆ ಎದುರಂಗಡಿಯವನು ಅವಿತಿದ್ದಾನೆಂದು ಕಂಡುಬಂದರೆ ಅರ್ಜಿಯು ವಜಾ ಆಗುವುದಲ್ಲದೆ ದಂಡವನ್ನೂ ತೆರಬೇಕಾಗಬಹುದು.

೯. ಅನುಸರಿಸತಕ್ಕ ಕ್ರಮ

ಮೇಲಿನ ವಿಷಯಗಳಿಂದ ಕಾರ್ಯತಃ ಫಲಿಸುವ ಕ್ರಮವು ಹೀಗಿದೆ:

(ಅ) ಹುಕುಮಿನ ಪ್ರತಿಯನ್ನು ಮೊದಲು ಕೈಗೆ ತೆಗೆದುಕೊಳ್ಳತಕ್ಕದ್ದು. ಹುಕುಮಿನ ಪಕ್ಷಗಾರನಲ್ಲದವನು ೨೦೦೫ರ ಮಾಹಿತಿ ಹಕ್ಕು ಕಾಯಿದೆಯಂತೆ ಅರ್ಜಿ ಕೊಟ್ಟು ಕೇಳಬಹುದು. ಸಾಮಾನ್ಯವಾಗಿ ೩೦ ದಿವಸಗಳೊಳಗೆ ಉತ್ತರ ಬರತಕ್ಕದ್ದು.

(ಆ) ಹುಕುಮು ಯಾವ ಕಾಯಿದೆಯ ಯಾವ ಪ್ರಕರಣದಂತೆ ಹೊರಟಿದೆಯೆಂಬುದನ್ನು ನೋಡಿ, ಅದರ ಅಪೀಲಿನ ಪ್ರಕರಣವನ್ನು ಕೊನೆಯ ಸಾಲಿನವರೆಗೆ ಓದತಕ್ಕದ್ದು. ಯಾರು, ಯಾವ ಹುಕುಮಿನ ಮೇಲೆ, ಎಷ್ಟು ದಿವಸದೊಳಗೆ ಎಂಬ ಮೂರು ಪ್ರಶ್ನೆಗಳಿಗೆ ಅಲ್ಲಿಯೇ ಉತ್ತರವಿರುತ್ತದೆ.

(ಇ) ಆಕ್ಷೇಪಣೆಗಳನ್ನು ಕರೆದು ಪ್ರಕಟಣೆ ಹೊರಟಾಗ ಸುಮ್ಮನಿರಬಾರದು. ಆಗ ಮೌನವಾಗಿದ್ದು, ಲೈಸೆನ್ಸು ಹೊರಟ ಮೇಲೆ ಕೋರ್ಟಿಗೆ ಓಡುವವನ ಮಾತಿಗೆ ಬೆಲೆ ಕಡಿಮೆ.

(ಈ) ಅಪೀಲಿನ ದಾರಿಯಿದ್ದರೆ ಅದನ್ನೇ ಮೊದಲು ಹಿಡಿಯಬೇಕು. ಸಂವಿಧಾನದ ೨೨೬ನೆಯ ಅನುಚ್ಛೇದದಂತೆ ಹೈಕೋರ್ಟಿಗೆ ವಿಶಾಲವಾದ ಅಧಿಕಾರವಿದ್ದರೂ, ಬೇರೆ ಮಾರ್ಗವಿರುವಾಗ ಅದು ಸಾಮಾನ್ಯವಾಗಿ ಕೈಹಾಕುವುದಿಲ್ಲ. ಮೂಲಭೂತ ಹಕ್ಕಿನ ಭಂಗ, ಅಹವಾಲನ್ನೇ ಕೇಳದಿರುವುದು, ಅಧಿಕಾರವೇ ಇಲ್ಲದೆ ಹೊರಡಿಸಿದ ಹುಕುಮು, ಪ್ರಶ್ನೆಗೊಳಗಾದ ಕಾಯಿದೆಯ ಸಿಂಧುತ್ವ ಮುಂತಾದವುಗಳು ಇದಕ್ಕೆ ಅಪವಾದಗಳೆಂದು ಸುಪ್ರೀಂ ಕೋರ್ಟು ೧೯೯೮ರಲ್ಲಿ ಹೇಳಿದೆ. ಕರ್ನಾಟಕದ ಹೈಕೋರ್ಟು ಬೆಂಗಳೂರಿನಲ್ಲದೆ ಧಾರವಾಡ, ಕಲಬುರಗಿಗಳಲ್ಲಿಯೂ ಪೀಠಗಳನ್ನುಳ್ಳದ್ದಾಗಿದೆ.

(ಉ) 'ನನಗೆ ಇಷ್ಟು ರೂಪಾಯಿ ನಷ್ಟವಾಯಿತು' ಎಂಬುದರಿಂದ ಅರ್ಜಿಯನ್ನು ಆರಂಭಿಸಬಾರದು. ಇಂಥ ನಿಯಮವಿದೆ, ಅದು ನನ್ನಂಥವರ ರಕ್ಷಣೆಗಾಗಿ ಇದೆ, ಹುಕುಮು ಅದನ್ನು ಮೀರಿದೆ ಎಂದು ಮೊದಲನೆಯ ಪುಟದಲ್ಲಿಯೇ ಬರೆಯತಕ್ಕದ್ದು. ದೂರದ ನಿಯಮವಾದರೆ ಅಳತೆಯ ನಕ್ಷೆಯನ್ನು ಲಗತ್ತಿಸತಕ್ಕದ್ದು.

(ಊ) ಲೈಸೆನ್ಸು ಪಡೆದವನನ್ನೂ ಎದುರು ಪಕ್ಷಗಾರನನ್ನಾಗಿ ಸೇರಿಸತಕ್ಕದ್ದು. ಅವನ ಬೆನ್ನ ಹಿಂದೆ ಅವನ ಲೈಸೆನ್ಸನ್ನು ರದ್ದುಪಡಿಸುವುದಕ್ಕೆ ಕೋರ್ಟು ಒಪ್ಪುವುದಿಲ್ಲ.

(ಋ) ತಡಮಾಡಬಾರದು. ವರುಷಗಟ್ಟಲೆ ಸುಮ್ಮನಿದ್ದು ಆಮೇಲೆ ಎದ್ದವನಿಗೆ ಅರ್ಹತೆಯಿದ್ದರೂ ಪರಿಹಾರವು ತಪ್ಪಿಹೋಗಬಹುದು.

ಊರಿನ ವ್ಯಾಜ್ಯಗಳಲ್ಲಿ "ಅವನಿಗೆ ಹೇಗೆ ಲೈಸೆನ್ಸು ಕೊಟ್ಟರು?" ಎಂಬ ಪ್ರಶ್ನೆಯೇ ಎಲ್ಲರ ಬಾಯಲ್ಲಿಯೂ ಮೊದಲು ಬರತಕ್ಕದ್ದು. ಅದನ್ನು ಕೇಳುವುದಕ್ಕೆ ಮುಂಚೆ "ಈ ನಿಯಮವು ಯಾರನ್ನು ಕಾಪಾಡಲು ಇದೆ?" ಎಂದು ಕೇಳಿಕೊಂಡರೆ, ವ್ಯರ್ಥವಾದ ಖರ್ಚೂ ವೈರವೂ ತಪ್ಪುತ್ತವೆ. ಅರ್ಹತೆಯುಳ್ಳವನು ಹಿಂಜರಿಯಬೇಕಾದುದಿಲ್ಲ, ಶಾಲೆಯ ಮಗ್ಗುಲಿನ ಸಾರಾಯಿ ಅಂಗಡಿಯನ್ನು ಪ್ರಶ್ನಿಸುವ ಕೂಲಿಕಾರನಿಗೂ, ಪಡಿತರವು ಬಾರದ ಕಾರ್ಡುದಾರಳಿಗೂ, ದೂರಿಗೆ ಉತ್ತರವೇ ಕಾಣದ ರೈತನಿಗೂ ಕಾನೂನಿನಲ್ಲಿ ಗಟ್ಟಿಯಾದ ಸ್ಥಾನವುಂಟು. ಆ ಸ್ಥಾನವನ್ನು ವಾಯಿದೆಯೊಳಗೆ, ಸರಿಯಾದ ಬಾಗಿಲಲ್ಲಿ ನಿಂತು ಉಪಯೋಗಿಸಿಕೊಳ್ಳುವುದು ಅವರವರ ಕೈಯಲ್ಲಿದೆ.